ಬಲಗೈಯೋ, ಎಡಗೈಯೋ?

ಮಗಳು ಏನು ಕೆಲಸ ಮಾಡುತ್ತಾಳೆ ಎಂದು ಯಾರಾದರೂ ಕೇಳಿದರೆ ಭಾನುವಳ್ಳಿಯ ಆ ಅಪ್ಪ ಸ್ವಲ್ಪ ತಡವರಿಸುತ್ತಾನೆ. 'ಬೆಂಗಳೂರಾಗೆ ಆಸ್ಪತ್ರಿ ಕೆಲ್ಸ' ಎನ್ನುತ್ತಾನೆ. ಡಾಕ್ಟರಾ ಎಂದರೆ ಅಲ್ಲ. ನರ್ಸಾ ಎಂದರೆ ಅದೂ ಅಲ್ಲ. ಕೊನೆಗೆ 'ರೋಗಕ್ಕೆ ನಂಬರ್ ಹಾಕ್ತಾಳ' ಎಂದಾಗ ಕೇಳಿದವರು ಹುಬ್ಬೇರಿಸುತ್ತಾರೆ: 'ಹಂಗೂ ಒಂದು ಕೆಲ್ಸ ಐತಾ?'

ಇದೆ. ಜೀವಶಾಸ್ತ್ರದಲ್ಲಿ ಬಿ.ಎಸ್‌ಸಿ. ಮಾಡಿದ ಅವಳು ಬೆಂಗಳೂರಿನಲ್ಲಿ ಕುಳಿತು ಅಮೆರಿಕದ ರೋಗಿಗಳ ಕಡತ ಓದುತ್ತಾಳೆ. ವೈದ್ಯರು ಬರೆದದ್ದನ್ನು ಅಕ್ಷರ ಮತ್ತು ಅಂಕಿಗಳ ಸಂಕೇತಕ್ಕೆ ಇಳಿಸುತ್ತಾಳೆ. ಸಂಕೇತ ತಪ್ಪಿದರೆ ವಿಮೆಯ ಹಣ ಅಲ್ಲಿಯೇ ನಿಲ್ಲುತ್ತದೆ.

ಈ ಸಂಖ್ಯೆಗಳಿಗೂ ಒಂದು ವಂಶಾವಳಿಯಿದೆ. ಫ್ರಾನ್ಸಿನ ಜಾಕ್ ಬರ್ಟಿಯೋನ್ ಎಂಬ ಸಂಖ್ಯಾಶಾಸ್ತ್ರಜ್ಞ 1893ರಲ್ಲಿ ಸಾವಿನ ಕಾರಣಗಳದೊಂದು ಪಟ್ಟಿ ಮಂಡಿಸಿದ. ಮೊದಮೊದಲು ಅದರಲ್ಲಿ ಸತ್ತವರಿಗಷ್ಟೇ ಜಾಗ. ಬದುಕಿ ನರಳುವವರ ಕಾಯಿಲೆಗಳೂ ಸೇರಿಕೊಂಡದ್ದು 1948ರಲ್ಲಿ, ಪಟ್ಟಿ ವಿಶ್ವ ಆರೋಗ್ಯ ಸಂಸ್ಥೆಯ ಕೈಗೆ ಬಂದಾಗ. ಹತ್ತನೆಯ ಪರಿಷ್ಕರಣಕ್ಕೆ 1990ರಲ್ಲಿ ಒಪ್ಪಿಗೆ ಸಿಕ್ಕಿತು. ಅದನ್ನು ತನಗೆ ಬೇಕಾದಂತೆ ಹಿಗ್ಗಿಸಿಕೊಂಡು ಅಮೆರಿಕ 2015ರ ಅಕ್ಟೋಬರ್ 1ರಿಂದ ಬಳಸತೊಡಗಿತು. ಹನ್ನೊಂದನೆಯದು 2022ರಲ್ಲಿ ಜಾರಿಗೆ ಬಂದಿದೆ.

ಈ ಲೆಕ್ಕದಲ್ಲಿ 'ಎಂ' ಅಕ್ಷರ ಮೂಳೆ, ಕೀಲು, ಸ್ನಾಯುಗಳದು. ಎಂ 87 ಎಂದರೆ ರಕ್ತ ಸಿಗದೆ ಮೂಳೆಯ ಭಾಗ ಸಾಯುವುದು. ಕಾರಣ ತಿಳಿಯದಿದ್ದರೆ ಮುಂದೆ ಸೊನ್ನೆ, ಔಷಧದಿಂದಾದರೆ ಒಂದು, ಹಳೆಯ ಪೆಟ್ಟಿನಿಂದಾದರೆ ಎರಡು. ಆಮೇಲೆ ಯಾವ ಮೂಳೆ, ಯಾವ ಕೈ. ಎಂ 87.237 ಎಂದು ಬರೆದರೆ ಪೆಟ್ಟಿನಿಂದ ಬಲ ಮಣಿಕಟ್ಟಿನ ಮೂಳೆ ಸತ್ತಿದೆ ಎಂದು ಅರ್ಥ. ಕೊನೆಯ ಅಂಕಿ ಎಂಟಾದರೆ ಎಡಗೈ. ಒಂಬತ್ತಾದರೆ, ಯಾವ ಕೈ ಎಂದು ವೈದ್ಯರು ಬರೆದಿಲ್ಲ.

ಅವಳಿಗೆ ಕಲಿಸಿದ ಮೊದಲ ಪಾಠ, ಊಹಿಸಬಾರದು. ಹೊರರೋಗಿಯ ಚೀಟಿಯಲ್ಲಿ ವೈದ್ಯರು 'ಇರಬಹುದು' ಎಂದು ಬರೆದ ರೋಗಕ್ಕೆ ಸಂಕೇತ ಕೊಡುವಂತಿಲ್ಲ. 'ಬಲ ಮಣಿಕಟ್ಟಿನ ನೋವು' ಎಂದಷ್ಟೇ ಇದ್ದರೆ ಎಂ 25.531. ಒಳಗೆ ಏನೇ ಆಗಿರಲಿ, ಕಾಗದದ ಮೇಲೆ ಅದು ನೋವು ಮಾತ್ರ.

ತಮ್ಮ ಬಿದ್ದದ್ದು ಏಪ್ರಿಲ್ ರಜೆಯಲ್ಲಿ. ಕೊಯ್ಲಾದ ಗದ್ದೆಯಲ್ಲಿ ಕ್ರಿಕೆಟ್ ಆಡುವಾಗ ಕ್ಯಾಚ್ ಹಿಡಿಯಲು ಹೋಗಿ ಅಂಗೈ ಊರಿದ. ಸಂಜೆ ಸ್ವಲ್ಪ ಊತ. 'ಉಳುಕೈತಿ, ಎರಡು ದಿನ ಎಣ್ಣಿ ತಿಕ್ಕಿದ್ರೆ ಹೋಗ್ತತಿ' ಎಂದಳು ಅವ್ವ. ಊತ ಹೋಯಿತು, ನೋವು ಉಳಿಯಿತು. ಹುಡುಗ ಹೇಳಲಿಲ್ಲ. ದ್ವಿತೀಯ ಪಿಯುಸಿ ವರ್ಷ; ಹೇಳಿದರೆ ಬ್ಯಾಟು ಅಟ್ಟಕ್ಕೆ ಹೋಗುತ್ತದೆಂದು ಅವನಿಗೆ ಗೊತ್ತಿತ್ತು. ಅಕ್ಕ ಫೋನು ಮಾಡಿದಾಗ ಮಾತ್ರ ಒಂದೆರಡು ಸಲ 'ಕೈ ನೋಯ್ತತಿ' ಎಂದಿದ್ದ. 'ಬರೆದೂ ಬರೆದೂ ಇರಬೇಕು' ಎಂದು ಅವಳು ನಕ್ಕಿದ್ದಳು.

ಡಿಸೆಂಬರಿನ ಹೊತ್ತಿಗೆ ಎರಡು ಪುಟ ಬರೆಯುವಷ್ಟರಲ್ಲಿ ಪೆನ್ನು ಜಾರತೊಡಗಿತು. ಅಪ್ಪ ದಾವಣಗೆರೆಗೆ ಕರೆದೊಯ್ದ. ಎಕ್ಸ್‌ರೇ ಬೆಳಕಿಗೆ ಹಿಡಿದ ವೈದ್ಯರು ಹೆಬ್ಬೆರಳ ಬುಡದ ಬಳಿಯ ಒಂದು ಪುಟ್ಟ ಮೂಳೆ ತೋರಿಸಿದರು. ಮಣಿಕಟ್ಟಿನಲ್ಲಿ ಅಂಥವು ಎಂಟು. ದೋಣಿಯಾಕಾರದ ಈ ಮೂಳೆಗೆ ಸ್ಕೇಫಾಯ್ಡ್ ಎಂದು ಹೆಸರು. ಅದು ನಡುವೆ ಮುರಿದು ಎಂಟು ತಿಂಗಳಾಗಿತ್ತು. ಒಂದು ತುಂಡು ಉಳಿದ ಮೂಳೆಗಳಿಗಿಂತ ಬೆಳ್ಳಗೆ ಕಾಣುತ್ತಿತ್ತು.

'ಬೆಳ್ಳಗಿದ್ರೆ ಗಟ್ಟಿ ಅಲ್ವಾ ಸರ್?' ಎಂದ ಅಪ್ಪ. ಅಲ್ಲ, ಅದಕ್ಕೆ ರಕ್ತ ಹೋಗುತ್ತಿಲ್ಲ ಎಂದರು ವೈದ್ಯರು. ಈ ಮೂಳೆಗೆ ರಕ್ತ ಬೆರಳುಗಳ ಕಡೆಯ ತುದಿಯಿಂದ ಹೊಕ್ಕು ಹಿಂದಕ್ಕೆ, ಮುಂಗೈಯ ಕಡೆಗೆ ಹರಿಯುತ್ತದೆ. ನಡುವೆ ಮುರಿದರೆ ಮುಂಗೈ ಕಡೆಯ ತುಂಡು ಒಣಗುತ್ತದೆ. ಅಪ್ಪನಿಗೆ ಹೆಚ್ಚು ವಿವರಿಸಬೇಕಾಗಲಿಲ್ಲ. ಭದ್ರಾ ಕಾಲುವೆಯ ಕೊನೆಯಂಚಿನಲ್ಲಿ ಗದ್ದೆ ಮಾಡುವವನಿಗೆ, ಮೇಲೆ ನೀರು ನಿಂತರೆ ಕೆಳಗೆ ಏನಾಗುತ್ತದೆಂದು ಗೊತ್ತು.

ರಾತ್ರಿ ಫೋನಿನಲ್ಲಿ ಸುದ್ದಿ ಕೇಳಿದ ಅಕ್ಕನ ತಲೆಯಲ್ಲಿ ಅಂಕಿಗಳು ತಾವಾಗಿಯೇ ಸಾಲುಗಟ್ಟಿದವು. 'ಯಾವ ಕೈ?' ಎಂದು ಕೇಳಿದಳು. 'ಬಲಗೈ ಅಕ್ಕ, ಬರಿಯೋ ಕೈ' ಎಂದ ತಮ್ಮ. ಆಗಲೇ ಅವಳಿಗೆ ಹೊಳೆದದ್ದು, ಎಂಟು ತಿಂಗಳಲ್ಲಿ ಈ ಪ್ರಶ್ನೆಯನ್ನೂ ತಾನು ಕೇಳಿರಲಿಲ್ಲವೆಂದು.

ಕಚೇರಿಯಲ್ಲಿ ಊಹಿಸಬಾರದೆಂಬ ಪಾಠದ ಬೆನ್ನಿಗೇ ಇನ್ನೊಂದು ಪಾಠವಿದೆ: ಸ್ಪಷ್ಟವಿಲ್ಲದಿದ್ದರೆ ಕೇಳಬೇಕು. ಯಾವ ಕೈ, ಎಂದಿನಿಂದ, ಏನಾಗಿ ಎಂದು ಸಾವಿರಾರು ಮೈಲಿ ದೂರದ ವೈದ್ಯರಿಗೆ ಪ್ರಶ್ನೆ ಕಳಿಸುವುದು ಅವಳ ನಿತ್ಯದ ಕೆಲಸ. ಮುಖ ಕಾಣದ ರೋಗಿಗೆ ದೊರೆತ ಆ ಒಂದು ಪ್ರಶ್ನೆ ಒಡಹುಟ್ಟಿದವನಿಗೆ ದೊರೆಯಲಿಲ್ಲ. ಮನೆಯವರೆಲ್ಲ ಸೇರಿ ಅವನನ್ನು ಬರೀ 'ನೋವು' ಎಂಬ ಖಾನೆಯಲ್ಲಿ ಇಟ್ಟುಬಿಟ್ಟಿದ್ದರು.

ಬೇಗ ಗೊತ್ತಾದರೆ ಈ ಮುರಿತ ಎಷ್ಟೋ ಸಲ ಪ್ಲಾಸ್ಟರಿನಲ್ಲೇ ಕೂಡಿಕೊಳ್ಳುತ್ತದೆ. ಅಂಗೈ ಊರಿ ಬಿದ್ದವರಿಗೆ ಹೆಬ್ಬೆರಳ ಬುಡದ ಗುಳಿಯಲ್ಲಿ ಒತ್ತಿದರೆ ನೋವಾದರೆ ಉಳುಕೆಂದು ತಿಕ್ಕಿಸುತ್ತ ಕೂರಬಾರದು, ವೈದ್ಯರಿಗೆ ತೋರಿಸಬೇಕು. ಮೊದಲ ದಿನದ ಎಕ್ಸ್‌ರೇಯಲ್ಲಿ ಬಿರುಕು ಕಾಣದೆಯೂ ಇರಬಹುದು. ಅದಕ್ಕೇ ಹತ್ತು ಹದಿನಾಲ್ಕು ದಿನ ಬಿಟ್ಟು ಮತ್ತೊಮ್ಮೆ ತೆಗೆಸಲು ಹೇಳುತ್ತಾರೆ. ಆ ಎರಡನೆಯ ಸಲ ಹೋಗುವುದಕ್ಕೇ ನಮ್ಮ ಜನ ಬೇಸರಪಡುವುದು. ಮಕ್ಕಳೋ, ಆಟ ತಪ್ಪೀತೆಂದು ಬಾಯಿ ಬಿಡುವುದಿಲ್ಲ.

ಹುಡುಗನಿಗೆ ಶಸ್ತ್ರಚಿಕಿತ್ಸೆಯಾಯಿತು. ಬೇರೆ ಕಡೆಯಿಂದ ಚೂರು ಮೂಳೆ ತಂದು ಸೇರಿಸಿ ಸಣ್ಣದೊಂದು ಸ್ಕ್ರೂ ಕೂರಿಸಿದರು. ಕೂಡುತ್ತದೆಯೇ ಎಂದು ಹೇಳಲು ತಿಂಗಳುಗಳು ಬೇಕು ಎಂದರು. ಅಕ್ಕ ರಜೆ ಹಾಕಿ ಊರಿಗೆ ಬಂದಳು. ಅವನು ಬಾಯಲ್ಲಿ ಉತ್ತರ ಹೇಳುವುದು, ಅವಳು ಪುಸ್ತಕ ಹಿಡಿದು ಸರಿನೋಡುವುದು, ಹೀಗೆ ಓದು ಸಾಗಿತು.

ಒಂದು ಸಂಜೆ ಕಟ್ಟೆಯ ಮೇಲೆ ಕುಳಿತಿದ್ದ ಅಪ್ಪ ಕೇಳಿದ: 'ನಮ್ ಹುಡುಗಂದು ಯಾವ ನಂಬರವ್ವಾ?'

ಅವಳು ಹೇಳಿದಳು. ಅಪ್ಪ ಅದನ್ನು ಜಮೀನಿನ ಸರ್ವೆ ನಂಬರಿನಂತೆ ಎರಡು ಸಲ ಬಾಯಲ್ಲಿ ಹೇಳಿಕೊಂಡ. ಸ್ವಲ್ಪ ಹೊತ್ತು ಬಿಟ್ಟು, 'ವಾಸಿ ಆದ್ಮೇಲೆ ತೋರ್ಸಾಕ ಹೋಗ್ತೀವಲ್ಲ, ಅದಕ್ಕೂ ಒಂದು ನಂಬರ್ ಐತಾ?' ಎಂದ.

'ಐತಪ್ಪ, ಝಡ್ 09' ಎಂದಳು ಮಗಳು. 'ಝಡ್ ಅಲ್ವಾ, ಕಟ್ಟಕಡೀಗೆ ಬರ್ತತಿ. ಕಾಯ್ಬೇಕು.'