ಭಟ್ಟಿಯ ಹೊಗೆ, ಮೂರ್ತಿಯವರ ಬಿಸಿಲು

ದಾವಣಗೆರೆಯ ಮಂಡಕ್ಕಿ ಭಟ್ಟಿಗಳಿಗೆ ನಾನು ಕ್ಯಾಮೆರಾ ಹಿಡಿದು ಹೋಗುವುದು ಬಿಸಿಲುಕೋಲು ಹುಡುಕಿಕೊಂಡು. ಒಲೆಗೆ ಹೊಟ್ಟು ಬಿದ್ದು ಹೊಗೆ ಏಳುವ ಹೊತ್ತಿಗೇ ಮಾಡಿನ ಸಂದಿಯಿಂದ ಬಿಸಿಲೂ ಇಳಿಯಬೇಕು. ಹೊಗೆ ಇಲ್ಲದಿದ್ದರೆ ಅದು ನೆಲದ ಮೇಲೊಂದು ಬಿಳಿ ಮಚ್ಚೆ, ಅಷ್ಟೆ. ಹೊಗೆ ಬಂತೋ, ಮಾಡಿನಿಂದ ನೆಲದವರೆಗೆ ನೆಟ್ಟಗೆ ನಿಂತುಬಿಡುತ್ತದೆ. ಕಾದ ಮರಳಲ್ಲಿ ಅರಳಿದ ಮಂಡಕ್ಕಿಯನ್ನು ಜರಡಿ ಹಿಡಿಯುವವರ ಕೈ ಅದನ್ನು ಹಾದು ಹೋಗುವಾಗ ಮೊಣಕೈವರೆಗೂ ಬೆಳ್ಳಗೆ ಹೊಳೆದು, ಮರುಗಳಿಗೆಗೆ ಕತ್ತಲು ಸೇರುತ್ತದೆ. "ಬರೀ ಹೊಗಿ ಐತಲ್ರಿ ಸಾರ್, ಏನ್ ತೆಗಿತೀರಿ?" ಎಂದು ಅವರು ಕೇಳುತ್ತಾರೆ. ಆ ಹೊಗೆಯೇ ಬೇಕು ಎಂದರೆ ನಕ್ಕು ಇನ್ನಷ್ಟು ಹೊಟ್ಟು ಸುರಿಯುತ್ತಾರೆ.

ಈ ಹುಚ್ಚು ಹತ್ತಿಸಿದ್ದು ಮೈಸೂರಿನ ವಿ.ಕೆ. ಮೂರ್ತಿ. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬಯಿಗೆ ಹೋದವರು. 'ಬಾಜಿ' ಚಿತ್ರದಲ್ಲಿ ಇನ್ನೂ ಸಹಾಯಕರಾಗಿದ್ದಾಗಲೇ ನಿರ್ದೇಶಕ ಗುರುದತ್ ಕಣ್ಣಿಗೆ ಬಿದ್ದರು. 1952ರ 'ಜಾಲ್'ನಿಂದ ಮುಂದೆ 'ಪ್ಯಾಸಾ', 'ಸಾಹಿಬ್ ಬೀಬಿ ಔರ್ ಗುಲಾಮ್'ವರೆಗೆ ಗುರುದತ್ ಚಿತ್ರಗಳ ಆ ಲೋಕದ ನೆರಳೆಲ್ಲ ಮೂರ್ತಿಯವರದೇ.

1959ರ 'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರಲ್ಲಿ ಖಾಲಿ ಸ್ಟುಡಿಯೋದ ಕತ್ತಲಲ್ಲಿ ಗುರುದತ್, ವಹೀದಾ ರೆಹಮಾನ್ ನಿಂತಿದ್ದಾರೆ. ಮೇಲಿನಿಂದ ಒಂದೇ ಒಂದು ಬೆಳಕಿನ ಧಾರೆ. ದೊಡ್ಡ ದೀಪ ಹಚ್ಚಿದರೆ ಬೆಳಕು ಹೋಗ್ತಾ ಹೋಗ್ತಾ ಅಗಲವಾಗುತ್ತದೆ. ಸೂರ್ಯ ಅಷ್ಟು ದೂರದವನಾದ್ದರಿಂದ ಅವನ ಕಿರಣ ಹೆಚ್ಚುಕಡಿಮೆ ಸಮಾನಾಂತರವಾಗಿಯೇ ಬರುತ್ತದೆ. ಮೂರ್ತಿ ಹೊರಗೊಂದು ಕನ್ನಡಿ, ಒಳಗೆ ಎತ್ತರದಲ್ಲಿ ಇನ್ನೊಂದು ಕನ್ನಡಿ ಇಟ್ಟು ಬಿಸಿಲನ್ನೇ ಸ್ಟುಡಿಯೋದೊಳಕ್ಕೆ ತಂದರು. ಚಿತ್ರ ಆಗ ಸೋತಿತು. ಆ ಬೆಳಕು ಮಾತ್ರ ಇವತ್ತಿಗೂ ನನ್ನನ್ನು ಕುರ್ಚಿಯಲ್ಲಿ ನೆಟ್ಟಗೆ ಕೂರಿಸುತ್ತದೆ. 2008ನೇ ಸಾಲಿನ ಫಾಲ್ಕೆ ಪ್ರಶಸ್ತಿ ಬಂದಾಗ, ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಕನ್ನಡಿಗ ಎಂದು ನನಗಾದ ಹಿಗ್ಗು ಅಷ್ಟಿಷ್ಟಲ್ಲ.

ಅವರಿಂದ ನಾನು ಕಲಿತದ್ದು ಕಪ್ಪನ್ನು ಕಪ್ಪಾಗಿಯೇ ಬಿಡುವುದನ್ನು. ಭಟ್ಟಿಯಲ್ಲಿ ಬಿಸಿಲುಕೋಲಿಗೆ ಮೀಟರ್ ಹಿಡಿಯುತ್ತೇನೆ. ಉಳಿದದ್ದು ಕತ್ತಲಲ್ಲಿ ಮುಳುಗಿದರೆ ಮುಳುಗಲಿ. ಈಗಿನ ಮೊಬೈಲ್‌ಗಳು ಮೂಲೆಮೂಲೆಯನ್ನೂ ಬೆಳಗಿಸಿ ತೋರಿಸುತ್ತವೆ. ಅದರಲ್ಲಿ ಎಲ್ಲ ಕಾಣುತ್ತದೆ, ಕಣ್ಣು ಎಲ್ಲಿಯೂ ನಿಲ್ಲುವುದಿಲ್ಲ.

ಹರಿಹರದಲ್ಲಿ ಆಟವೇ ಬೇರೆ. ಹೊಯ್ಸಳರ ಪೋಲಾಳ್ವ ದಂಡನಾಯಕ 13ನೇ ಶತಮಾನದಲ್ಲಿ ಕಟ್ಟಿಸಿದ ಹರಿಹರೇಶ್ವರ ದೇವಸ್ಥಾನದ ಮಂಟಪದಲ್ಲಿ ಹೊಗೆಯಿಲ್ಲ, ಕಲ್ಲೇ ಬೆಳಕನ್ನು ಹಿಡಿಯಬೇಕು. ಕಡೆದು ನುಣುಪು ಮಾಡಿದ ಕಂಬಗಳ ಒಂದೊಂದು ಬಳೆಯ ಅಂಚಿನಲ್ಲೂ ಎಳೆಬಿಸಿಲು ತೆಳ್ಳಗೆ ಗೆರೆ ಎಳೆಯುತ್ತದೆ. ಒಳಗಿನ ಸಾಲಿನ ಕಂಬಗಳಿಗೆ ಆ ಬಿಸಿಲು ತಲುಪದು. ಅದಕ್ಕೇ ಈಚೆಗೆ ಚೀಲದಲ್ಲಿ ಎರಡು ಕನ್ನಡಿ ಹೊತ್ತೊಯ್ಯುತ್ತೇನೆ. ಒಂದನ್ನು ಅಂಗಳದಲ್ಲಿ ಗೆಳೆಯ ಹಿಡಿಯುತ್ತಾನೆ, ಇನ್ನೊಂದನ್ನು ಮಂಟಪದ ಕಟ್ಟೆಗೆ ಒರಗಿಸುತ್ತೇನೆ. ಸೂರ್ಯ ಸರಿದಂತೆಲ್ಲ ಬೆಳಕೂ ಸರಿಯುತ್ತದೆ, ಗೆಳೆಯನಿಗೆ ಕೂಗಿ ಹೇಳಬೇಕು: ಸ್ವಲ್ಪ ಎಡಕ್ಕೆ, ಇನ್ನೂ ಸ್ವಲ್ಪ.