ಹಣೆಯ ಕೊಂಬು

1959ರಲ್ಲಿ ಬಂದ ಅಯನೆಸ್ಕೋನ ಅಸಂಗತ ನಾಟಕವೊಂದುಂಟು. ಅದರಲ್ಲಿ ಒಬ್ಬರನ್ನು ನೋಡಿ ಒಬ್ಬರು ಊರವರೆಲ್ಲ ಘೇಂಡಾಮೃಗಗಳಾಗುತ್ತಾರೆ; ಬೆರಂಜೆಯೊಬ್ಬನೇ ಮನುಷ್ಯನಾಗಿ ಉಳಿಯುತ್ತಾನೆ. ಗುರುಗಳು ಈ ಕಥೆ ಹೇಳಿದಾಗ ತರಗತಿಯೆಲ್ಲ ನಕ್ಕಿತು. ನಾನೂ ನಕ್ಕೆ, ಎಲ್ಲರೂ ನಕ್ಕರಲ್ಲ!

ಸಂಜೆ ಲಿಂಗಸುಗೂರಿನಲ್ಲಿ ಸಿಂಧನೂರಿನ ಬಸ್ಸು ಹಿಡಿದೆ. ಮಸ್ಕಿ ದಾಟಿದ ಮೇಲೆ ಎಲ್ಲಿ ನೋಡಿದರೂ ನೆಲ್ಲಿನ ಗದ್ದೆ. ತುಂಗಭದ್ರಾ ಎಡದಂಡೆ ನಾಲೆಯನ್ನು ಯೋಜಿಸಿದವರು ಈ ಎರೆನೆಲಕ್ಕೆ ಜೋಳ, ಹತ್ತಿಯಂಥ ಅಲ್ಪ ನೀರಿನ ಬೆಳೆಗಳನ್ನೇ ಹೆಚ್ಚಾಗಿ ಗೊತ್ತುಮಾಡಿದ್ದರು. ಆದರೆ ಒಬ್ಬ ನೆಲ್ಲು ಹಚ್ಚಿದ, ನೆರೆಯವನೂ ಹಚ್ಚಿದ, ಊರಿಗೆ ಊರೇ ಹಚ್ಚಿತು. ನಾಲೆಯ ಕೊನೆಯ ಹೊಲಗಳಿಗೆ ನೀರು ಮುಟ್ಟದಾಯಿತು; ಎಷ್ಟೋ ನೆಲ ಸವುಳಾಯಿತು.

ನಮ್ಮಪ್ಪ ಅಕ್ಷರ ಅರಿಯದವನು. ನಮ್ಮ ಮೂರೆಕರೆಯಲ್ಲಿ ಇಂದಿಗೂ ಜೋಳವನ್ನೇ ಬಿತ್ತುತ್ತಾನೆ. ಕಟ್ಟೆಯ ಮೇಲಿನವರು ಅವನನ್ನು ಹುಚ್ಚನೆಂದು ನಕ್ಕಾಗ ನಾನೂ ಅವರೊಡನೆ ನಕ್ಕಿದ್ದೆ.

“ಯಪ್ಪಾ, ನೀನೂ ನೆಲ್ಲು ಹಚ್ಚು. ಜನ ನಗ್ತಾರ” ಎಂದಿದ್ದೆ.

“ನಗಲಿ ಬಿಡಪ್ಪ. ನಗಿ ಅವರದು, ಹೊಲ ನಮ್ದು” ಎಂದಿದ್ದ.

ಮನೆತನಕ್ಕೇ ಮೊದಲ ಪದವೀಧರನಾಗಲಿರುವ ನಾನು ಆ ರಾತ್ರಿ ಅಪ್ಪನೆದುರು ರೊಟ್ಟಿ ಮುರಿಯುತ್ತ, ಮೆಲ್ಲನೆ ಹಣೆ ಮುಟ್ಟಿ ನೋಡಿಕೊಂಡೆ. ಕೊಂಬು ಇನ್ನೂ ಪೂರ್ತಿ ಮೂಡಿರಲಿಲ್ಲ.

ವಾಚಕರೇ, ನೀವೂ ಒಮ್ಮೆ ಮುಟ್ಟಿ ನೋಡಿಕೊಳ್ಳಿರಿ.