ಹುಳಿ ಆಮೇಲೆ ಹಾಕಬೇಕು

ನಮ್ಮಮ್ಮನಿಗೆ ಬೀನ್ಸ್ ಅಂದ್ರೆ ಹುರುಳಿಕಾಯಿ, ಅಷ್ಟೇ. ಸಣ್ಣಗೆ ಹೆಚ್ಚಿ, ಬೇಯಿಸಿ, ಒಗ್ಗರಣೆ ಕೊಟ್ಟು ಕಾಯಿತುರಿ ಉದುರಿಸಿದರೆ ಪಲ್ಯ. ಹಾಗಾಗಿ ಅಕ್ಕ "ಶನಿವಾರದ ಪಾಟ್‌ಲಕ್‌ಗೆ ನಮ್ಮನೆಯಿಂದ ಬೇಕ್ಡ್ ಬೀನ್ಸ್ ಅಂತ ಬರೆಸಿಬಿಟ್ಟಿದ್ದೀನಿ" ಅಂದಾಗ ಅಮ್ಮ ತಲೆ ಕೆಡಿಸಿಕೊಳ್ಳಲೇ ಇಲ್ಲ. "ಎಷ್ಟು ಜನ? ಎರಡು ಕೇಜಿ ತರಿಸು, ಅರ್ಧ ಗಂಟೆ ಕೆಲಸ" ಅಂದ್ಲು. ಆ ಅರ್ಧ ಗಂಟೆ ಕೆಲಸ ಮೂರು ದಿನ ಹಿಡಿಯಿತು. ಮಧ್ಯದಲ್ಲಿ ಒಂದು ಪಾತ್ರೆ ಪೂರ್ತಿ ಕಸಕ್ಕೆ ಹೋಯಿತು. ಅದಕ್ಕೆ ಕಾರಣ ಅಮ್ಮ ಅಲ್ಲ, ನಾನು.

ಇದು ಕಳೆದ ಜುಲೈ ಮಾತು. ಅಕ್ಕ ಇರೋದು ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ, ಬಾಸ್ಟನ್‌ನಿಂದ ಕಾರಲ್ಲಿ ಮುಕ್ಕಾಲು ಗಂಟೆ ದೂರದ ಒಂದು ಸಣ್ಣ ಊರಲ್ಲಿ. ಅವಳ ಬಾಣಂತನಕ್ಕೆ ಅಮ್ಮ ಹೋಗಬೇಕಿತ್ತು. ಅಮ್ಮನಿಗೆ ಇಂಗ್ಲಿಷ್ ಬರಲ್ಲ, ಒಬ್ಬಳೇ ವಿಮಾನ ಬದಲಾಯಿಸೋದು ಹೇಗೆ ಅಂತ ಎರಡನೇ ಸೆಮ್ ಮುಗಿಸಿ ಮನೇಲಿ ಕೂತಿದ್ದ ನನ್ನನ್ನೂ ಜೊತೆಗೆ ಕಳಿಸಿದರು. ಒಂದನೇ ಕ್ಲಾಸಿಂದ ಇಂಗ್ಲಿಷ್ ಮೀಡಿಯಂನಲ್ಲಿ ಓದಿದ ನನಗೆ ಅಲ್ಲಿದ್ದ ಕೆಲಸ ಒಂದೇ, ಅಮ್ಮನ ಮಾತನ್ನ ಬೇರೆಯವರಿಗೆ, ಬೇರೆಯವರ ಮಾತನ್ನ ಅಮ್ಮನಿಗೆ ಹೇಳೋದು. ಅದನ್ನ ಎಷ್ಟು ಕೆಟ್ಟದಾಗಿ ಮಾಡಿದೆ ಅಂತ ಹೇಳೋಕೇ ಇದನ್ನ ಬರೀತಿದ್ದೀನಿ. ಬೀನ್ಸ್ ಮಾಡೋ ವಿಧಾನವೂ ಇದೆ, ಗಾಬರಿ ಬೇಡ.

ಅಕ್ಕನ ಎದುರುಮನೆಯಲ್ಲಿ ಎಂಬತ್ತರ ಹತ್ತಿರದ ಒಬ್ಬರು ಅಜ್ಜಿ ಇದ್ದಾರೆ. ಒಬ್ಬರೇ ಇರೋದು. ನಾವು ಹೋದ ಎರಡನೇ ವಾರ ಪಾಪು ನೋಡೋಕೆ ಬಂದರು. ಅಮ್ಮನ ಕಡೆ ತಿರುಗಿ, ಇಲ್ಲಿ ಹೇಗನಿಸ್ತಿದೆ ಅಂತ ಕೇಳಿದರು. ಅಮ್ಮ ಹೇಳಿದ್ದು ಇಷ್ಟು: "ಊರೇನೋ ಚೆನ್ನಾಗಿದೆ. ಆದ್ರೆ ಬೆಳಿಗ್ಗೆ ಎದ್ರೆ ಒಂದು ಮನುಷ್ಯರ ದನಿ ಕೇಳಲ್ಲ, ನನಗೆ ಹೇಗ್ಹೇಗೋ ಆಗುತ್ತೆ. ನೀವು ಒಬ್ರೇ ಹೇಗಿರ್ತೀರಿ? ಬೇಜಾರಾಗಲ್ವಾ? ಕೇಳೋ ಅವರನ್ನ."

ನಾನು ಇಂಗ್ಲಿಷಲ್ಲಿ ಹೇಳಿದ್ದು: "ಚೆನ್ನಾಗಿದೆಯಂತೆ."

ಇಲ್ಲಿನವರನ್ನ ಹಾಗೆಲ್ಲ ಕೇಳಬಾರದು ಅಂತ ನನಗೆ ನಾನೇ ಸಮಾಧಾನ ಹೇಳಿಕೊಂಡೆ. ನಿಜ ಏನಂದ್ರೆ ನನಗೆ ನಾಚಿಕೆ ಆಗಿತ್ತು. ಅಜ್ಜಿ ನಕ್ಕು ತಲೆಯಾಡಿಸಿದರು. ಅಮ್ಮ ಉತ್ತರಕ್ಕೆ ಕಾಯ್ತಾ ಕೂತಿದ್ಲು. "ಏನಂದ್ರೋ?" ಅಂದ್ಲು. "ಏನಿಲ್ಲಮ್ಮ" ಅಂದೆ.

ಈಗ ಬೀನ್ಸ್ ವಿಷಯ. ಪಾಟ್‌ಲಕ್ ಅಂದ್ರೆ ಬೀದಿಯವರೆಲ್ಲ ಒಂದು ಕಡೆ ಸೇರಿ, ಒಂದೊಂದು ಮನೆಯಿಂದ ಒಂದೊಂದು ಅಡುಗೆ ತಂದು ಹಂಚಿಕೊಂಡು ತಿನ್ನೋದು. ಯಾರು ಏನು ತರ್ತಾರೆ ಅಂತ ಮೊದಲೇ ಪಟ್ಟಿ ಮಾಡ್ತಾರೆ. ಮೂರು ವಾರದ ಬಾಣಂತಿ ಅಕ್ಕ ಪಟ್ಟಿ ನೋಡೋ ಹೊತ್ತಿಗೆ ಉಳಿದಿದ್ದು ಬೇಕ್ಡ್ ಬೀನ್ಸ್ ಒಂದೇ. ಅಲ್ಲಿ ಬೇಸಿಗೆಯಲ್ಲಿ ನಾಲ್ಕು ಜನ ಸೇರಿದ ಕಡೆಯೆಲ್ಲ ಇದು ಇರಲೇಬೇಕು, ನಮ್ಮ ಮದುವೆಮನೆ ಎಲೆಯಲ್ಲಿ ಕೋಸಂಬರಿ ಇದ್ದ ಹಾಗೆ. ಅದೇ ಮುಖ್ಯ ಊಟ ಅಲ್ಲ, ಆದರೆ ಇಲ್ಲದಿದ್ದರೆ ಎಲ್ಲರಿಗೂ ಗೊತ್ತಾಗುತ್ತೆ.

ಹಸಿರು ಕಾಯಿ ಅಲ್ಲ, ಒಣಗಿದ ಬಿಳಿ ಕಾಳು. ಅಲ್ಲಿ ಅದನ್ನ ನೇವಿ ಬೀನ್ಸ್ ಅಂತಾರೆ. ತಮಾಷೆ ಅಂದ್ರೆ ಅಮ್ಮನ ಹುರುಳಿಕಾಯಿ, ನಮ್ಮ ಮೆಸ್ಸಿನ ರಾಜ್ಮಾ, ಈ ಬಿಳಿ ಕಾಳು, ಮೂರೂ ಸಸ್ಯಶಾಸ್ತ್ರದ ಪ್ರಕಾರ ಒಂದೇ ಜಾತಿ. ಮೂಲ ಅಮೆರಿಕ ಖಂಡವೇ. ಅಂದರೆ ಅಮ್ಮ ಅಂದುಕೊಂಡಿದ್ದು ಪೂರ್ತಿ ತಪ್ಪೇನೂ ಆಗಿರಲಿಲ್ಲ. ಬಾಸ್ಟನ್‌ಗೆ ಬೀನ್‌ಟೌನ್ ಅಂತ ಅಡ್ಡಹೆಸರೇ ಇದೆ. ಅಲ್ಲಿ ನೆಲೆಸಿದ ಪ್ಯೂರಿಟನ್ ಕ್ರೈಸ್ತರು ಭಾನುವಾರ ಕೆಲಸ ಮಾಡಬಾರದು ಅನ್ನೋ ಕಟ್ಟುನಿಟ್ಟಿನವರು. ಶನಿವಾರವೇ ಮಣ್ಣಿನ ಗಡಿಗೆಯಲ್ಲಿ ಕಾಳು ತುಂಬಿ ಒಲೆಯೊಳಗಿಟ್ಟರೆ ರಾತ್ರಿ ಊಟಕ್ಕೂ ಆಯಿತು, ಭಾನುವಾರಕ್ಕೂ ಬಿಸಿಯಾಗಿ ಉಳಿಯಿತು.

ಅದರಲ್ಲಿ ಸಿಹಿಗೆ ಹಾಕೋದು ಮೊಲಾಸಿಸ್. ಕಬ್ಬಿನ ಹಾಲು ಕುದಿಸಿ ಸಕ್ಕರೆ ಹರಳು ತೆಗೆದಮೇಲೆ ಉಳಿಯೋ ಕಪ್ಪು ಪಾಕ. ನಮ್ಮ ಕಡೆ ಕಾಕಂಬಿ ಅಂತೀವಲ್ಲ, ಅದೇ, ತಿನ್ನೋಕಾಗೋ ಥರದ್ದು. ಅಮ್ಮ ಬೆರಳಲ್ಲಿ ಅದ್ದಿ ನೆಕ್ಕಿ, "ಜೋನಿಬೆಲ್ಲ ತಳ ಹತ್ತಿದ ಹಾಗಿದೆ" ಅಂದ್ಲು. ಅದಕ್ಕಿಂತ ಸರಿಯಾದ ವಿವರಣೆ ನನಗೆ ಎಲ್ಲೂ ಸಿಕ್ಕಿಲ್ಲ. ಈ ಕಾಕಂಬಿ ಬಾಸ್ಟನ್‌ಗೆ ಬರ್ತಿದ್ದಿದ್ದು ಕೆರಿಬಿಯನ್ ದ್ವೀಪಗಳಿಂದ. ಅಲ್ಲಿ ಕಬ್ಬು ಕಡಿದು ಅರೆಯುತ್ತಿದ್ದವರು ಆಫ್ರಿಕಾದಿಂದ ಹಿಡಿದು ತಂದ ಗುಲಾಮರು. ಇಷ್ಟು ಸಿಹಿಯಾದ ತಿಂಡಿಯ ಹಿಂದೆ ಅದೂ ಇದೆ.

ಇನ್ನೊಂದು ಕಥೆ ನಮ್ಮಂಥವರಿಗೇ ಬೇಕಾದ್ದು. ಅದರ ಹಿಂದಿನ ಭಾನುವಾರ ಭಾವ ನಮ್ಮನ್ನ ಬಾಸ್ಟನ್‌ನ ನಾರ್ತ್ ಎಂಡ್‌ಗೆ ಕರೆದುಕೊಂಡು ಹೋಗಿದ್ದರು. ಅಲ್ಲಿ ಒಂದು ಸಣ್ಣ ಫಲಕ ಇದೆ. 1919ರ ಜನವರಿ 15ರಂದು ಅಲ್ಲಿದ್ದ 50 ಅಡಿ ಎತ್ತರದ ಉಕ್ಕಿನ ಟ್ಯಾಂಕ್ ಒಡೆದು ಸುಮಾರು 87 ಲಕ್ಷ ಲೀಟರ್ ಕಾಕಂಬಿ ಬೀದಿಗೆ ನುಗ್ಗಿತು. ಅದು ತಿನ್ನೋಕಲ್ಲ, ಆಲ್ಕೋಹಾಲ್ ತಯಾರಿಸೋಕೆ ಇಟ್ಟಿದ್ದು. 21 ಜನ ಸತ್ತರು. ಟ್ಯಾಂಕಿನ ಉಕ್ಕು ಇರಬೇಕಾದಷ್ಟು ದಪ್ಪ ಇರಲಿಲ್ಲ. ಕಟ್ಟಿಸಿದ ಉಸ್ತುವಾರಿ ಎಂಜಿನಿಯರೇ ಅಲ್ಲ. ಪೂರ್ತಿ ನೀರು ತುಂಬಿ ಪರೀಕ್ಷೆ ಮಾಡೋ ಬದಲು ಬರೀ 6 ಇಂಚು ತುಂಬಿ ಸರಿಯಿದೆ ಅಂದಿದ್ದರು. ಸೋರಲು ಶುರುವಾದಾಗ, ಸೋರಿದ್ದು ಕಾಣದಿರಲಿ ಅಂತ ಕಂದು ಬಣ್ಣ ಬಳಿದರು. "ನೋಡಿದ್ಯಾ, ಚೆಕ್ ಮಾಡದೆ ಸೈನ್ ಹಾಕಿದ್ರೆ ಹೀಗೆ" ಅಂದರು ಭಾವ. ನಾನು ತುಂಬಾ ತಿಳಿದವನ ಹಾಗೆ ತಲೆಯಾಡಿಸಿದೆ. ನಾಲ್ಕು ದಿನ ಬಿಟ್ಟು ಅದೇ ತಪ್ಪನ್ನ ಒಂದು ಪಾತ್ರೆ ಮಟ್ಟದಲ್ಲಿ ಮಾಡಿದೆ.

ಹೇಗಂದ್ರೆ, ಡಬ್ಬದ ಬೀನ್ಸ್ ತಂದು ಬಿಸಿ ಮಾಡೋದು ಅಕ್ಕನ ಯೋಚನೆಯಾಗಿತ್ತು. ಆದರೆ ಸಂಪ್ರದಾಯದ ಬೀನ್ಸಿಗೆ ಉಪ್ಪು ಹಾಕಿಟ್ಟ ಹಂದಿಮಾಂಸ ಹಾಕ್ತಾರೆ, ಎಷ್ಟೋ ಡಬ್ಬಗಳಲ್ಲೂ ಅದಿರುತ್ತೆ. ನಮ್ಮನೇಲಿ ಮಾಂಸ ಮಾಡಲ್ಲ. ಮಾಂಸ ಇಲ್ಲದ ಡಬ್ಬವೂ ಸಿಗುತ್ತೆ ಅಂದರೂ ಅಮ್ಮನಿಗೆ ಡಬ್ಬದ ಮೇಲಿನ ನಂಬಿಕೆಯೇ ಹೋಗಿತ್ತು. "ನಾನೇ ಮಾಡ್ತೀನಿ, ಇದೇನು ಎಂ-2 ಪೇಪರಾ?" ಅಂತ ನಾನು ಮುಂದೆ ಬಂದೆ. ಬುಧವಾರ ರಾತ್ರಿ ಕಾಳು ನೆನೆಹಾಕಿದೆ. ಗುರುವಾರ ಬೆಳಿಗ್ಗೆ ಮೊಬೈಲ್ ನೋಡಿದರೆ, ಮೊದಲು ಕಾಳು ಬೇಯಿಸಿ, ಆಮೇಲೆ ಮಿಕ್ಕಿದ್ದು ಹಾಕಿ ಓವನ್‌ಗೆ ಇಡಿ ಅಂತಿತ್ತು. ಹೇಗಿದ್ರೂ ಓವನ್‌ನಲ್ಲಿ ಏಳು ಗಂಟೆ ಬೇಯುತ್ತೆ, ಎರಡು ಸಲ ಯಾಕೆ? ನಾನು ಆ ಸ್ಟೆಪ್ ಹಾರಿಸಿದೆ. ನೆನೆದ ಕಾಳಿಗೆ ಕಾಕಂಬಿ, ಟೊಮೇಟೊ ಕೆಚಪ್, ವಿನೆಗರ್, ಸಾಸಿವೆ ಪುಡಿ ಎಲ್ಲಾ ಒಟ್ಟಿಗೆ ಸುರಿದೆ.

ಅಮ್ಮ ಪಾಪುವನ್ನ ಹೆಗಲ ಮೇಲೆ ಹಾಕ್ಕೊಂಡು ಅಡುಗೆಮನೆ ಬಾಗಿಲಲ್ಲಿ ನಿಂತಿದ್ಲು. "ಬೆಂದಿದೆಯೇನೋ ಅದು?" ಅಂದ್ಲು. "ಅಮ್ಮಾ, ಇದು ನಿನ್ನ ಹುಳಿ ಅಲ್ಲ. ಇದರದ್ದು ಬೇರೆ ಪ್ರೊಸೀಜರ್" ಅಂದೆ. ಅಮ್ಮ ಸುಮ್ಮನೆ ಹೋದಳು.

150 ಡಿಗ್ರಿ, ಏಳು ಗಂಟೆ. ಮನೆಯೆಲ್ಲ ಘಮಘಮ. ತೆಗೆದರೆ ಬಣ್ಣ ಅದ್ಭುತ. ಬಾಯಿಗೆ ಹಾಕಿದರೆ ಕಾಳು ಹಲ್ಲಿಗೆ ಕಟಕ್ ಅಂತು. ಇನ್ನೂ ಎರಡು ಗಂಟೆ ಇಟ್ಟೆ. ಅಷ್ಟೇ ಗಟ್ಟಿ. ಅಮ್ಮ ಬಂದು ಒಂದು ಕಾಳನ್ನ ಹೆಬ್ಬೆರಳು ತೋರುಬೆರಳ ಮಧ್ಯೆ ಒತ್ತಿ ನೋಡಿದಳು. "ಬೇಯೋಕೆ ಮುಂಚೆ ಹುಳಿ ಹಾಕಿದ್ಯಾ. ಇನ್ನು ನಾಳೆವರೆಗೂ ಇಟ್ರೂ ಅಷ್ಟೇ ಕಣೋ" ಅಂದ್ಲು. ಬೈಯಲಿಲ್ಲ. ಬೈದಿದ್ರೆ ವಾಸಿ ಇತ್ತು.

ರಾತ್ರಿ ಕೂತು ಓದಿದೆ. ಕಾಳಿನ ಜೀವಕೋಶಗಳನ್ನ ಒಂದಕ್ಕೊಂದು ಅಂಟಿಸಿ ಹಿಡಿದಿರೋದು ಪೆಕ್ಟಿನ್. ಬಿಸಿನೀರಲ್ಲಿ ಅದು ಕರಗಿದಾಗಲೇ ಕಾಳು ಮೆತ್ತಗಾಗೋದು. ಹುಳಿ ಇದ್ದರೆ ಪೆಕ್ಟಿನ್ ಕರಗೋದು ಬಹಳ ನಿಧಾನ. ಕಾಕಂಬಿಯಲ್ಲಿರೋ ಕ್ಯಾಲ್ಸಿಯಂ ಅದನ್ನ ಇನ್ನೂ ಬಿಗಿ ಮಾಡುತ್ತೆ, ಸಕ್ಕರೆಯೂ ಸೇರಿಕೊಳ್ಳುತ್ತೆ. ಆದರೆ ಮಜಾ ಇರೋದು ಇಲ್ಲಿ: ಕಾಳು ಮೊದಲೇ ಬೆಂದಿದ್ದರೆ ಇದೇ ಮೂರೂ ಉಪಕಾರಕ್ಕೆ ಬರುತ್ತವೆ. ಎಷ್ಟು ಗಂಟೆ ಓವನ್‌ನಲ್ಲಿದ್ದರೂ ಕಾಳು ಮುದ್ದೆಯಾಗದ ಹಾಗೆ ಹಿಡಿದಿಡುತ್ತವೆ. ಬೇಳೆ ಬೆಂದಮೇಲೇ ಹುಣಸೆಹುಳಿ ಹಾಕೋ ನಮ್ಮಮ್ಮನಿಗೆ ಪೆಕ್ಟಿನ್ ಹೆಸರು ಗೊತ್ತಿಲ್ಲ, ಅಷ್ಟೇ. ಆ ಟ್ಯಾಂಕಿನವರು 6 ಇಂಚು ನೀರಾದರೂ ತುಂಬಿ ನೋಡಿದ್ದರು. ನಾನು ಒಂದು ಕಾಳನ್ನೂ ಒತ್ತಿ ನೋಡಿರಲಿಲ್ಲ.

ಶುಕ್ರವಾರ ಬೆಳಿಗ್ಗೆ ಆ ಪಾತ್ರೆಯನ್ನ ಕಸಕ್ಕೆ ಸುರಿಯೋವಾಗ ಎದುರುಮನೆ ಅಜ್ಜಿ ನೋಡಿದರು. ಏನಾಯ್ತು ಅಂತ ಕೇಳಿದರು, ಹೇಳಿದೆ. ಸಂಜೆ ಕಂದು ಬಣ್ಣದ, ಹೊಟ್ಟೆ ಉಬ್ಬಿದ ಒಂದು ಪಿಂಗಾಣಿ ಗಡಿಗೆ ಹಿಡಿದುಕೊಂಡು ಬಂದರು. ಅಷ್ಟು ಹೊತ್ತಿಗೆ ಅಮ್ಮ ಹೊಸ ಕಾಳು ಒಲೆ ಮೇಲಿಟ್ಟಿದ್ದಳು. ಅಜ್ಜಿ ಚಮಚದಲ್ಲಿ ನಾಲ್ಕು ಕಾಳು ತೆಗೆದು ಉಫ್ ಅಂತ ಊದಿದರು. ಸಿಪ್ಪೆ ಬಿರಿದು ಸುರುಳಿ ಆಯಿತು. ಬೆಂದಿದೆ ಅನ್ನೋಕೆ ಅದೇ ಅವರ ಪರೀಕ್ಷೆ. ಅಮ್ಮ ಅದೇ ಚಮಚದಿಂದ ಒಂದು ಕಾಳು ತಗೊಂಡು ಬೆರಳಲ್ಲಿ ಒತ್ತಿ ತೋರಿಸಿದಳು. ಅಜ್ಜಿಯೂ ಒತ್ತಿದರು. ಅಮ್ಮ ಊದಿದಳು. ಇಬ್ಬರೂ ಜೋರಾಗಿ ನಕ್ಕರು. ನಾನು ಮಧ್ಯೆ ನಿಂತು ಅನುವಾದ ಮಾಡೋಕೆ ಏನೂ ಇರಲಿಲ್ಲ. ಹಂದಿಮಾಂಸದ ಬದಲು ಬೆಣ್ಣೆ ಸಾಕು ಅಂತಲೂ ಅವರೇ ಹೇಳಿದರು. ಅಷ್ಟನ್ನ ಮಾತ್ರ ಕನ್ನಡ ಮಾಡಿದೆ.

ವಿಧಾನ ಇಷ್ಟು, ಎಂಟು ಜನಕ್ಕೆ. 450 ಗ್ರಾಂ ಬಿಳಿ ಕಾಳನ್ನ ರಾತ್ರಿ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಲ್ಲಿ ಹತ್ತು ನಿಮಿಷ ಚೆನ್ನಾಗಿ ಕುದಿಸಿ. ಇದನ್ನ ಬಿಡಬೇಡಿ. ಈ ಜಾತಿಯ ಕಾಳಿನಲ್ಲಿ, ಅದರಲ್ಲೂ ಕೆಂಪು ರಾಜ್ಮಾದಲ್ಲಿ, ಹೊಟ್ಟೆ ಕೆಡಿಸೋ ಒಂದು ಪ್ರೋಟೀನ್ ಇದೆ. ಕುದಿದರೆ ಮಾತ್ರ ಅದು ಹೋಗೋದು, ಬೆಚ್ಚಗಾದರೆ ಸಾಲದು. ಆಮೇಲೆ ಸಣ್ಣ ಉರಿಯಲ್ಲಿ ಒತ್ತಿದರೆ ಮೆತ್ತಗೆ ಅನ್ನೋವರೆಗೂ ಬೇಯಿಸಿ. ಬೇಯಿಸಿದ ನೀರು ಚೆಲ್ಲಬೇಡಿ. ಗಡಿಗೆಯ ತಳಕ್ಕೆ ಒಂದು ಇಡೀ ಈರುಳ್ಳಿ, ಮೇಲೆ ಕಾಳು. ಕಾಲು ಕಪ್ಪಿಗಿಂತ ಸ್ವಲ್ಪ ಹೆಚ್ಚು ಕಾಕಂಬಿ, ಮೂರು ದೊಡ್ಡ ಚಮಚ ಕಂದು ಸಕ್ಕರೆ, ಒಂದು ಸಣ್ಣ ಚಮಚ ಸಾಸಿವೆ ಪುಡಿ, ಉಪ್ಪು, ಮೆಣಸು, ಎರಡು ದೊಡ್ಡ ಚಮಚ ಬೆಣ್ಣೆ. ಕಾಳು ಮುಳುಗೋಷ್ಟು ಆ ನೀರು ಹಾಕಿ, ಮುಚ್ಚಿ, 150 ಡಿಗ್ರಿಯಲ್ಲಿ ಆರು ಗಂಟೆ. ಬತ್ತಿದಾಗೆಲ್ಲ ಬಿಸಿನೀರು ಸೇರಿಸಿ. ಕೊನೆಯ ಒಂದು ಗಂಟೆ ಮುಚ್ಚಳ ತೆಗೆಯಿರಿ. ಅಷ್ಟು ಪುರುಸೊತ್ತಿಲ್ಲದವರು ಬರೀ ಬೇಯಿಸಿಟ್ಟ ಬಿಳಿ ಕಾಳಿನ ಡಬ್ಬ ತಂದು, ಹುರಿದ ಈರುಳ್ಳಿ ಮತ್ತು ಇದೇ ಸಾಮಾನು ಹಾಕಿ ಒಂದು ಗಂಟೆ ಇಟ್ಟರೂ ಆಗುತ್ತೆ. ಕಾಳು ಮೊದಲೇ ಬೆಂದಿರೋದ್ರಿಂದ ಕೆಚಪ್ ಹಾಕಿದ್ರೂ ಭಯ ಇಲ್ಲ. ಹಾಸ್ಟೆಲ್ ಗೆಳೆಯರಿಗೆ: ಕುಕ್ಕರ್, ಕಪ್ಪು ಬೆಲ್ಲ, ತಾಳ್ಮೆ.

ಶನಿವಾರ ಎರಡು ಪಾತ್ರೆ ಒಯ್ದೆವು, ಒಂದು ಅಕ್ಕನದು, ಒಂದು ಅಜ್ಜಿಯ ಗಡಿಗೆ. ಎರಡೂ ಖಾಲಿಯಾಯಿತು. ಆದರೆ ನಾನು ನೆನಪಿಟ್ಟುಕೊಂಡಿರೋದು ಬೇರೆ. ಊಟ ಮುಗಿಸಿ ಅಜ್ಜಿ ಅಮ್ಮನ ಪಕ್ಕದ ಕುರ್ಚಿಯಲ್ಲಿ ಕೂತಿದ್ದರು. ಇಬ್ಬರೂ ಸುಮ್ಮನೆ ಮಕ್ಕಳ ಆಟ ನೋಡ್ತಿದ್ದರು. ನಾನು ಹೋಗಿ, ಅವತ್ತು ನಾನು ಪೂರ್ತಿ ಹೇಳಲಿಲ್ಲ, ಅಮ್ಮ ನಿಮ್ಮನ್ನ ಒಂದು ಪ್ರಶ್ನೆ ಕೇಳಿದ್ದಳು ಅಂತ ಅಜ್ಜಿಗೆ ಹೇಳಿದೆ. ಒಂದು ಪದ ಬಿಡದೆ ಹೇಳಿದೆ. ಗಂಟಲು ಒಣಗಿತ್ತು.

ಅಜ್ಜಿ ಬೇಜಾರು ಮಾಡಿಕೊಳ್ಳಲಿಲ್ಲ. ಸ್ವಲ್ಪ ಹೊತ್ತು ಅಮ್ಮನನ್ನೇ ನೋಡಿದರು. ಆಗುತ್ತೆ ಅಂದರು. ಶನಿವಾರ ಜಾಸ್ತಿ ಆಗುತ್ತೆ. ಗಂಡ ಇದ್ದಾಗ ಪ್ರತಿ ಶನಿವಾರ ಬೀನ್ಸ್ ಮಾಡ್ತಿದ್ದರಂತೆ. ಈಗ ಒಬ್ಬರಿಗೋಸ್ಕರ ಆರು ಗಂಟೆ ಓವನ್ ಉರಿಸೋಕೆ ಮನಸ್ಸು ಬರಲ್ಲ, ಆ ಗಡಿಗೆ ಎರಡು ವರ್ಷದಿಂದ ಕಪಾಟಿನಲ್ಲೇ ಇತ್ತು ಅಂದರು. ನಾನು ಅದನ್ನೂ ಪೂರ್ತಿ ಅಮ್ಮನಿಗೆ ಹೇಳಿದೆ. ಮಧ್ಯೆ ಎರಡು ಕಡೆ ನನಗೆ ಕನ್ನಡ ಪದ ಸಿಗಲಿಲ್ಲ, ತಡವರಿಸಿದೆ. ಅಮ್ಮ ಕಾದಳು.

ಆಮೇಲೆ ಅಮ್ಮ ಹೇಳಿದ್ದು ಇಷ್ಟೇ: "ಮುಂದಿನ ಶನಿವಾರ ಗಡಿಗೆ ತಗೊಂಡು ನಮ್ಮನೆಗೇ ಬರೋಕೆ ಹೇಳು."

ನಾವು ವಾಪಸ್ ಬರೋವರೆಗೂ ಪ್ರತಿ ಶನಿವಾರ ಬಂದರು. ನಾನು ಮೂರನೇ ಸೆಮ್‌ನಲ್ಲಿ ಮುಳುಗಿದ್ದೀನಿ. ಅಮ್ಮ ಭಾನುವಾರ ಬೆಳಿಗ್ಗೆ ಅಕ್ಕನಿಗೆ ವಿಡಿಯೋ ಕಾಲ್ ಮಾಡ್ತಾಳೆ, ಅಲ್ಲಿ ಆಗ ಶನಿವಾರ ರಾತ್ರಿ. ಮೊದಲು ಕೇಳೋದು ಪಾಪು ಬಗ್ಗೆ. ಎರಡನೇದು, "ಎದುರುಮನೆಯವರು ಬಂದಿದ್ರಾ?"